ಕಸುಬಿನ ಊರಿಗೆ ಹೋದಾಗ ಕೈಕಟ್ಟಿ ನಿಲ್ಲಬೇಡಿ



ಸುಗ್ಗಿ ಮುಗಿದು ಮುಂಗಾರಿಗೆ ಇನ್ನೂ ದಿನ ಇರುವಾಗ ಹತ್ತಾರು ಜನ ಕೂಡಿ ಗಾಡಿ ಮಾಡಿಕೊಂಡು ಪ್ರವಾಸ ಹೋಗುವುದು ನಮ್ಮ ಹಳ್ಳಿಗಳಲ್ಲಿ ವಾಡಿಕೆಯಾಗಿದೆ. ದೇವರ ದರ್ಶನವಾಗುತ್ತದೆ, ಅಣೆಕಟ್ಟು ನೋಡುತ್ತೇವೆ, ದಾರಿಯಲ್ಲಿ ಸಿಕ್ಕರೆ ಒಂದು ನೇಕಾರರ ಊರನ್ನೂ ಹೊಕ್ಕು ಬರುತ್ತೇವೆ. ಈ ಕೊನೆಯದನ್ನು ಹೇಗೆ ಮಾಡಬೇಕು ಎಂಬುದೇ ಇಂದಿನ ಪಾಠ. ಇದನ್ನು ನಾನು ಪುಸ್ತಕದಿಂದ ಕಲಿಯಲಿಲ್ಲ, ನನ್ನದೇ ತಪ್ಪಿನಿಂದ ಕಲಿತೆ.

ಕೃಷಿ ಡಿಪ್ಲೊಮಾ ಮುಗಿಸಿ ಕೆಲಸಕ್ಕೆ ಸೇರಿದ ಹೊಸತರಲ್ಲಿ ನಿಮ್ಮಲ್ಲಿ ಕೆಲವರನ್ನು ಕರೆದುಕೊಂಡು ಹೊರಟೆ. ಒಂದೇ ದಿನದಲ್ಲಿ ಐದು ಊರು ತೋರಿಸಬೇಕೆಂಬ ಹುರುಪು ನನ್ನದು. ನೇಕಾರರ ಒಂದು ಮನೆಯಲ್ಲಿ ಕಾಲು ಗಂಟೆ ನಿಂತೆವು. ಎಲ್ಲರೂ ಫೋಟೊ ತೆಗೆದರು. ನಮ್ಮ ಹಿರಿಯರೊಬ್ಬರು ಸೀರೆಯ ಬೆಲೆ ಕೇಳಿ, "ಇಷ್ಟ್ಯಾಕ್ರಿ? ಪ್ಯಾಟ್ಯಾಗ ಅರ್ಧಕ್ಕ ಸಿಗತೈತಿ" ಎಂದರು. ನೇಕಾರ ಲಾಳಿ ನಿಲ್ಲಿಸಿದ. ಸಿಟ್ಟಾಗಲಿಲ್ಲ. "ಯಜಮಾನ್ರ, ನಿಮ್ಮ ಹತ್ತಿಗೆ ಬೆಲಿ ಹೇಳಾವ್ರು ನೀವೋ, ಅಡತಿಯವರೋ?" ಎಂದಷ್ಟೇ ಕೇಳಿ ಮತ್ತೆ ನೇಯತೊಡಗಿದ. ಬರುವಾಗ ಗಾಡಿಯಲ್ಲಿ ಯಾರೂ ಹೆಚ್ಚು ಮಾತಾಡಲಿಲ್ಲ.

ಮರುವರ್ಷ ಅದೇ ಹಿರಿಯರನ್ನು ಮತ್ತೆ ಕರೆದುಕೊಂಡು ಹೋದೆ. ಈ ಸಲ ಒಂದೇ ಊರು, ಒಂದೇ ಮನೆ, ಇಡೀ ದಿನ. ಮೊದಲೇ ಹೇಳಿ ಕಳಿಸಿದ್ದೆವು. "ಬರ್ರಿ, ಕುಂದರ್ರಿ" ಎಂದು ಆ ಮನೆಯವರು ನಮ್ಮ ಹಿರಿಯರನ್ನು ಮಗ್ಗದ ಕುಣಿಯಲ್ಲಿ ಕೂಡ್ರಿಸಿದರು. ಕಾಲು ತುಳಿದಾಗ ಕೈ ಮರೆಯಿತು, ಕೈ ಎಳೆದಾಗ ಕಾಲು ಮರೆಯಿತು. ಅರ್ಧ ಗಂಟೆಯಲ್ಲಿ ಎರಡು ಬೆರಳಗಲದ ಬಟ್ಟೆಯೂ ಆಗಲಿಲ್ಲ, ಎಳೆ ಮಾತ್ರ ನಾಲ್ಕು ಸಲ ಹರಿಯಿತು. ಹರಿದ ಎಳೆಯನ್ನು ಹುಡುಕಿ ಗಂಟು ಹಾಕಿದವಳು ಆ ಮನೆಯ ಸೊಸೆ. ನಲವತ್ತು ವರ್ಷ ಕೂರಿಗೆ ಹಿಡಿದ ಮನುಷ್ಯ ಬೆವರು ಒರೆಸಿಕೊಂಡು ಮೇಲೆದ್ದರು. ಆ ದಿನ ಅವರು ಬೆಲೆಯ ಮಾತೆತ್ತಲಿಲ್ಲ, ಮಗಳಿಗೊಂದು ಸೀರೆ ಕೊಂಡರು.

ನೋಡಿದ್ದು ಮರೆತುಹೋಗುತ್ತದೆ, ಕೈಯಿಂದ ಮಾಡಿದ್ದು ನೆನಪಿನಲ್ಲಿ ಉಳಿಯುತ್ತದೆ. ಕಸುಬಿನ ಊರಿಗೆ ಹೋಗುವುದು ಸಾಮಾನು ನೋಡಲಿಕ್ಕಲ್ಲ, ಅದರ ಹಿಂದಿನ ಶ್ರಮದ ಅಳತೆ ತಿಳಿಯಲಿಕ್ಕೆ.

ಎಲ್ಲಿಗೆ ಹೋಗಬೇಕು?

ಇದಕ್ಕೆ ದೂರ ಹೋಗಬೇಕಾಗಿಲ್ಲ. ತೊರಗಲ್ಲ ನಾಡಿನ ಸುತ್ತಲೇ ಇಂಥ ಊರುಗಳಿವೆ.

ಕಿತ್ತೂರು, ಬೈಲಹೊಂಗಲದವರಿಗೆ ಧಾರವಾಡ ತಾಲೂಕಿನ ಗರಗ ಹತ್ತಿರ. ರಾಷ್ಟ್ರಧ್ವಜದ ಖಾದಿ ಬಟ್ಟೆಗೆ ಈ ಊರು ಹೆಸರಾದದ್ದು. ಹುಬ್ಬಳ್ಳಿಯ ಬೆಂಗೇರಿಯಲ್ಲಿ 1957ರ ನವೆಂಬರ್ 1ರಂದು ಸ್ಥಾಪನೆಯಾದ ಕರ್ನಾಟಕ ಖಾದಿ ಗ್ರಾಮೋದ್ಯೋಗ ಸಂಯುಕ್ತ ಸಂಘವಿದೆ. ಅಲ್ಲಿ ಬಟ್ಟೆಗೆ ಬಣ್ಣ ಕಟ್ಟಿ, 24 ಅರೆಗಳ ಚಕ್ರವನ್ನು ಎರಡೂ ಮಗ್ಗುಲಿಗೆ ಅಚ್ಚು ಹಾಕಿ, ಹೊಲಿದು ಧ್ವಜ ಸಿದ್ಧಪಡಿಸುತ್ತಾರೆ. ಧ್ವಜಕ್ಕೆ ಒಂಬತ್ತು ಅಳತೆಗಳು ಗೊತ್ತಾಗಿವೆ. ಬಣ್ಣ, ನೂಲು, ಹೊಲಿಗೆ ಯಾವುದರಲ್ಲಿ ಕೊರತೆ ಇದ್ದರೂ ಧ್ವಜ ತಿರಸ್ಕೃತವಾಗುತ್ತದೆ. ಹೋದವರು ರಾಟಿಯ ಮುಂದೆ ಕುಳಿತು ಹಂಜಿಯಿಂದ ಒಂದು ಮೊಳ ನೂಲು ತೆಗೆದು ನೋಡಿರಿ. ಎಳೆ ಒಂದೆಡೆ ದಪ್ಪ, ಒಂದೆಡೆ ತೆಳು ಆಗುತ್ತದೆ. ಅದನ್ನು ಒಂದೇ ಸಮ ಮಾಡಲು ಎಷ್ಟು ವರ್ಷ ಬೇಕೆಂದು ಪಕ್ಕದಲ್ಲಿ ನೂಲುವ ಅಕ್ಕನನ್ನು ಕೇಳಿರಿ. ಈ ನೂಲುವ ಕೆಲಸ ನಮ್ಮ ಜಿಲ್ಲೆಗೆ ಹೊಸದಲ್ಲ. ಬೆಳಗಾವಿ ತಾಲೂಕಿನ ಹುದಲಿಯಲ್ಲಿ 1937ರಲ್ಲಿ ಗಾಂಧೀ ಸೇವಾ ಸಂಘದ ಸಮ್ಮೇಳನ ನಡೆದಾಗ ಮಹಾತ್ಮಾ ಗಾಂಧಿಯವರು ಆ ಹಳ್ಳಿಯಲ್ಲೇ ತಂಗಿದ್ದರು.

ಸವದತ್ತಿಯವರಿಗೆ ನವಲಗುಂದವಿದೆ. ನವಿಲುತೀರ್ಥದ ಅಣೆಕಟ್ಟಿನ ನೀರು ಅಲ್ಲಿನ ಹೊಲಗಳಿಗೂ ಹರಿಯುತ್ತದೆ. ಅಲ್ಲಿಯ ಜಮಖಾನೆಗಳನ್ನು ನೇಯುವವರು ಹೆಣ್ಣುಮಕ್ಕಳು. ಇಲ್ಲಿ ಮಗ್ಗ ನೆಟ್ಟಗೆ ನಿಂತಿರುತ್ತದೆ. ನವಿಲು, ಪಗಡೆಯ ಹಾಸು ಮುಂತಾದ ಚಿತ್ರಗಳು ಕಾಗದದ ಮೇಲಲ್ಲ, ಅವರ ತಲೆಯಲ್ಲೇ ಇರುತ್ತವೆ. ನೇಯುವವರ ಸಂಖ್ಯೆ ಬಹಳ ಇಳಿದಿದೆ. ಹೋಗುವುದಾದರೆ ಬೇಗ ಹೋಗಿರಿ, ಮನೆಯ ಹೆಣ್ಣುಮಕ್ಕಳನ್ನು ಕರೆದುಕೊಂಡು ಹೋಗಿರಿ.

ರಾಮದುರ್ಗದವರಿಗೆ ಬದಾಮಿಯ ಆಚೆ ಗುಳೇದಗುಡ್ಡ, ಮುಂದೆ ಇಳಕಲ್ಲ. ಗುಳೇದಗುಡ್ಡದ್ದು ಕುಪ್ಪಸದ ಖಣ, ಇಳಕಲ್ಲದ್ದು ಸೀರೆ. ಇವೆರಡೂ ನಮ್ಮ ತಾಯಂದಿರ ಮೈಮೇಲೆ ಒಟ್ಟಿಗೇ ಇರುವಂಥವು. ಇಳಕಲ್ಲ ಸೀರೆಯಲ್ಲಿ ಮೈಯ ಹಾಸು ಬೇರೆ, ಸೆರಗಿನ ಹಾಸು ಬೇರೆ. ಸೆರಗಿನ ರೇಷ್ಮೆ ಎಳೆಗಳನ್ನು ಮೈಯ ಎಳೆಗಳ ಜೊತೆ ಕುಣಿಕೆ ಹಾಕಿ ಒಂದೊಂದಾಗಿ ಕೂಡಿಸುತ್ತಾರೆ. ಇದಕ್ಕೆ ಕೊಂಡಿ ಎನ್ನುತ್ತಾರೆ. ಈ ಕಾರಣದಿಂದ ಹಲವು ಸೀರೆಗಳಿಗೆ ಒಟ್ಟಿಗೆ ಉದ್ದನೆಯ ಹಾಸು ಹಾಕಲು ಬರುವುದಿಲ್ಲ, ಒಂದೊಂದು ಸೀರೆಗೂ ಹೊಸದಾಗಿ ಕೂಡಿಸಬೇಕು. ಅಲ್ಲಿ ಕುಳಿತು ಹತ್ತು ಕೊಂಡಿ ಹಾಕಿ ನೋಡಿರಿ. ಆಮೇಲೆ ಸಂತೆಯಲ್ಲಿ ಕೆಂಪು ಬಿಳುಪಿನ ಸೆರಗು ಕಂಡಾಗ ಮೊದಲು ಆ ಕೂಡಿಸಿದ ಜಾಗವನ್ನೇ ನೋಡುತ್ತೀರಿ.

ಧಾರವಾಡ ಸೀಮೆಯ ಕಸೂತಿಯೂ ಕಲಿಯತಕ್ಕದ್ದೇ. ಗವಂತಿ, ಮುರಗಿ, ನೇಯ್ಗಿ, ಮೆಂತಿ ಎಂದು ನಾಲ್ಕು ಬಗೆಯ ಹೊಲಿಗೆ. ಬಟ್ಟೆಯ ಮೇಲೆ ಗೆರೆ ಎಳೆಯುವುದಿಲ್ಲ, ದಾರಕ್ಕೆ ಗಂಟು ಹಾಕುವುದಿಲ್ಲ. ಬಟ್ಟೆಯ ಎಳೆಗಳನ್ನು ಎಣಿಸಿಯೇ ಗೋಪುರ, ತೇರು, ತುಳಸಿಕಟ್ಟೆ ಮೂಡಿಸಬೇಕು. ಗವಂತಿಯಲ್ಲಿ ಮುಂದೆಯೂ ಹಿಂದೆಯೂ ಒಂದೇ ತೆರನಾಗಿ ಕಾಣಬೇಕು.

ಇಳಕಲ್ಲ ಸೀರೆ, ಗುಳೇದಗುಡ್ಡದ ಖಣ, ನವಲಗುಂದದ ಜಮಖಾನೆ, ಕಸೂತಿ ಈ ನಾಲ್ಕಕ್ಕೂ ಸರಕಾರದ ಭೌಗೋಳಿಕ ಗುರುತು ಸಿಕ್ಕಿದೆ. 1999ರ ಕಾಯದೆಯ ಪ್ರಕಾರ, ಆ ಸೀಮೆಯಲ್ಲಿ ಆ ಪದ್ಧತಿಯಿಂದ ತಯಾರಾದುದಕ್ಕೆ ಮಾತ್ರ ಆ ಹೆಸರು ಸಲ್ಲುತ್ತದೆ. ಆದರೆ ಕೊಳ್ಳುವವನಿಗೆ ವ್ಯತ್ಯಾಸ ತಿಳಿಯದಿದ್ದರೆ ಕಾಗದದ ಮೇಲಿನ ಗುರುತಿನಿಂದ ನೇಕಾರನ ಹೊಟ್ಟೆ ತುಂಬುವುದಿಲ್ಲ. ಆ ತಿಳಿವಳಿಕೆ ಬರುವುದು ಕೈಯಿಂದಲೇ.

ದೂರ ದೇಶದ ಒಂದು ಉದಾಹರಣೆ

ವಿಯೆಟ್ನಾಮ್ ನಮ್ಮಂತೆಯೇ ರೈತರ ದೇಶ, ಭತ್ತ ಬೆಳೆಯುವ ದೇಶ. ಅದರ ರಾಜಧಾನಿ ಹನೋಯಿಯ ಸುತ್ತ ಒಂದೊಂದು ಕಸುಬಿಗೆ ಒಂದೊಂದು ಊರು ಹೆಸರಾಗಿದೆ. ಬಾತ್ ಚಾಂಗ್ ಎಂಬ ಊರಿನದು ಪಿಂಗಾಣಿ, ವಾನ್ ಫುಕ್ ಎಂಬ ಊರಿನದು ರೇಷ್ಮೆ, ಚುವಾಂಗ್ ಎಂಬ ಊರಿನದು ಎಲೆಯಿಂದ ಹೆಣೆದ ಗೋಪುರದಂಥ ಟೊಪ್ಪಿಗೆ. ಇಂಥ ಕಸುಬುಗಳಲ್ಲಿ ಹಲವು ಹಿಂದೆ ಬೆಳೆಯ ಬಿಡುವಿನಲ್ಲಿ ರೈತರ ಮನೆಗಳಲ್ಲಿ ಬೆಳೆದವು. ಇಂದು ಬಾತ್ ಚಾಂಗಿಗೆ ಹೋದವರು ಹಣ ಕೊಟ್ಟು ತಿಗರಿಯ ಮುಂದೆ ಕುಳಿತುಕೊಳ್ಳುತ್ತಾರೆ. ಕುಂಬಾರ ಪಕ್ಕದಲ್ಲಿ ನಿಂತು ಕೈ ತಿದ್ದುತ್ತಾನೆ. ತಾವು ಮಾಡಿದ ಸೊಟ್ಟ ಬಟ್ಟಲನ್ನೂ ಅವರು ಸಂತೋಷದಿಂದ ಮನೆಗೆ ಒಯ್ಯುತ್ತಾರೆ. ಇದರಿಂದ ಕುಂಬಾರನಿಗೆ ಎರಡು ಸಂಪಾದನೆ: ಮಡಕೆಯದೊಂದು, ಕಲಿಸಿದ ಹೊತ್ತಿನದೊಂದು. ನಮ್ಮಲ್ಲಿ ಈ ಎರಡನೆಯದನ್ನು ಕೊಡುವ ರೂಢಿಯಿಲ್ಲ. "ಸುಮ್ಮನೆ ನೋಡಿದೆವಲ್ಲ" ಎನ್ನುತ್ತೇವೆ. ನಾವು ನೋಡುತ್ತ ನಿಂತಷ್ಟು ಹೊತ್ತು ಅವರ ಲಾಳಿ ನಿಂತಿರುತ್ತದೆ ಎಂಬುದನ್ನು ಮರೆಯಬಾರದು.

ಬೆಲೆಯ ಲೆಕ್ಕ ಹೀಗೆ ಮಾಡಿರಿ

ಹತ್ತಿಯ ಎಕರೆ ಲೆಕ್ಕವನ್ನು ನಾವು ಬರೆಯುವಂತೆಯೇ ಸೀರೆಯ ಲೆಕ್ಕವನ್ನೂ ಬರೆಯಬಹುದು. ಕಲಿಯುವುದಕ್ಕಾಗಿ ಒಂದು ಅಂಕಿ ಇಟ್ಟುಕೊಳ್ಳೋಣ. ಒಂದು ಸೀರೆ 3,000 ರೂಪಾಯಿಗೆ ಹೋಯಿತೆನ್ನಿ. ನೂಲು, ರೇಷ್ಮೆ, ಬಣ್ಣಕ್ಕೆ 1,400 ಹೋದರೆ ಉಳಿದದ್ದು 1,600. ನೇಯುವವನೊಬ್ಬ, ಕಂಡಿಕೆ ಸುತ್ತಿ ಕೊಂಡಿ ಹಾಕುವವಳೊಬ್ಬಳು, ಇಬ್ಬರು ನಾಲ್ಕು ದಿನ ದುಡಿದರೆ ಎಂಟು ಆಳಾಯಿತು. 1,600ನ್ನು ಎಂಟರಿಂದ ಭಾಗಿಸಿದರೆ ಆಳಿಗೆ 200 ರೂಪಾಯಿ. ಇದರಲ್ಲೇ ಮಗ್ಗದ ದುರಸ್ತಿ, ಇದರಲ್ಲೇ ನಡುವಿನವರ ಪಾಲು. ಈ ಅಂಕಿ ಲೆಕ್ಕದ ರೀತಿ ತಿಳಿಯಲಿಕ್ಕೆ ಮಾತ್ರ. ನಿಜವಾದ ಅಂಕಿಯನ್ನು ಮಗ್ಗದ ಮುಂದೆಯೇ ಕೇಳಿ, ನಿಮ್ಮ ವಹಿಯಲ್ಲಿ ಬರೆದುಕೊಳ್ಳಿರಿ. ಬಳಿಕ ನಿಮ್ಮೂರಿನ ಕಳೆ ತೆಗೆಯುವ ಕೂಲಿಯೊಂದಿಗೆ ಹೋಲಿಸಿ ನೋಡಿರಿ.

ನೇಕಾರನ ಮಗ ಮಗ್ಗ ಬಿಟ್ಟು ಊರು ಬಿಡುವುದು ಏಕೆಂಬುದು ಆಗ ತಿಳಿಯುತ್ತದೆ. ಉತ್ತರ ನಮ್ಮ ಮನೆಯಲ್ಲೂ ಇದೆ. ನಮ್ಮ ಹುಡುಗರು ಹೊಲ ಬಿಟ್ಟು ಹೋಗುವುದೂ ಇದೇ ಲೆಕ್ಕದಿಂದಲೇ.

ಧ್ವಜದ ಬಟ್ಟೆಯ ಕಥೆಯನ್ನೇ ನೋಡಿರಿ. 2021ರ ಡಿಸೆಂಬರಿನಲ್ಲಿ ಧ್ವಜಸಂಹಿತೆಗೆ ತಿದ್ದುಪಡಿಯಾಗಿ, ಯಂತ್ರದಲ್ಲಿ ತಯಾರಾದ ಮತ್ತು ಪಾಲಿಸ್ಟರ್ ಬಟ್ಟೆಯ ಧ್ವಜಗಳಿಗೂ ಅನುಮತಿ ದೊರೆಯಿತು. ಧ್ವಜಗಳು ಅಗ್ಗವಾದವು, ಮನೆಮನೆಗೂ ಮುಟ್ಟಿದವು. ಆದರೆ ಖಾದಿ ಧ್ವಜವನ್ನೇ ನಂಬಿ ನೂಲುವ, ನೇಯುವ, ಹೊಲಿಯುವ ಕೈಗಳಿಗೆ ಚಿಂತೆ ಹತ್ತಿತು. ಈ ಕೈಗಳಲ್ಲಿ ಬಹಳಷ್ಟು ಹಳ್ಳಿಯ ಹೆಣ್ಣುಮಕ್ಕಳವು. ಮುಂದಿನ ಸಲ ಪಂಚಾಯತಿಗೋ ಶಾಲೆಗೋ ಧ್ವಜ ಕೊಳ್ಳುವಾಗ ಈ ವಿಷಯ ಸಭೆಯಲ್ಲಿ ಬರಲಿ.

ನೆನಪಿಡಬೇಕಾದ ಸೂಚನೆಗಳು

1. ತಂಡದಲ್ಲಿ ಹತ್ತು ಹನ್ನೆರಡು ಜನರಿಗಿಂತ ಹೆಚ್ಚು ಬೇಡ. ಅರ್ಧದಷ್ಟು ಹೆಣ್ಣುಮಕ್ಕಳಿರಲಿ.

2. ಒಂದು ದಿನಕ್ಕೆ ಒಂದೇ ಊರು. ಮೊದಲೇ ತಿಳಿಸಿ, ಅವರು ಒಪ್ಪಿದ ದಿನವೇ ಹೋಗಿರಿ. ದಸರಾ, ದೀಪಾವಳಿ, ಲಗ್ನಸರಾಯಿಯ ಮುಂಚಿನ ದಿನಗಳು ಅವರಿಗೆ ಸುಗ್ಗಿ ಇದ್ದಂತೆ. ಆಗ ಹೋಗಬೇಡಿರಿ.

3. ಕಲಿಸುವುದಕ್ಕೆ ಎಷ್ಟು ಕೊಡಬೇಕೆಂದು ಮೊದಲೇ ಕೇಳಿ ಗೊತ್ತುಮಾಡಿಕೊಳ್ಳಿರಿ. ನಿಮ್ಮ ಕೈಯಿಂದ ಹರಿದ, ಕೆಟ್ಟ ನೂಲಿನ ಬೆಲೆಯೂ ಅದರಲ್ಲಿ ಸೇರಲಿ.

4. ಮಗ್ಗ ಮುಟ್ಟುವ ಮೊದಲು ಕೈ ತೊಳೆಯಿರಿ, ಉಂಗುರ, ಕಡಗ ತೆಗೆದಿಡಿರಿ. ಹಾಸನ್ನು ದಾಟಬೇಡಿರಿ. ಅಲ್ಲಿ ತಂಬಾಕು, ಗುಟ್ಕಾ ಬೇಡವೇ ಬೇಡ.

5. ಕೇಳದೆ ಫೋಟೊ ತೆಗೆಯಬೇಡಿರಿ. ಒಬ್ಬರ ವಿನ್ಯಾಸ ಮತ್ತೊಬ್ಬರ ಯಂತ್ರಕ್ಕೆ ಹೋಗುವುದು ಹೀಗೆಯೇ.

6. ಪ್ರತಿಯೊಬ್ಬರೂ ಕನಿಷ್ಠ ಅರ್ಧ ಗಂಟೆ ಕೈಹಚ್ಚಿ ಕೆಲಸ ಮಾಡಿರಿ. ಬಾರದಿದ್ದರೆ ನಾಚಿಕೆಯಿಲ್ಲ. ನಮ್ಮ ರೆಂಟೆ ಹಿಡಿದರೆ ಅವರಿಗೂ ಸಾಲು ನೆಟ್ಟಗಾಗುವುದಿಲ್ಲ.

7. "ಏಕೆ" ಎಂದು ಕೇಳಿರಿ. ಮಗ್ಗ ಕುಣಿಯಲ್ಲೇಕೆ? ನೆಲದ ತಂಪಿಗೆ ಎಳೆ ಒಣಗಿ ಹರಿಯದಿರಲೆಂದು. ಪ್ರತಿಯೊಂದಕ್ಕೂ ಹೀಗೆ ಒಂದು ಕಾರಣವಿರುತ್ತದೆ.

8. ಊರಿಗೆ ಬಂದ ಎಂಟು ದಿನದೊಳಗೆ ಒಂದು ಸಂಜೆ ಕೂಡಿ, ಕಂಡದ್ದನ್ನೂ ಬರೆದುಕೊಂಡ ಲೆಕ್ಕವನ್ನೂ ಓದಿ ಹೇಳಿರಿ.

ನಮ್ಮ ಊರಿನ ಪಾಳಿ

ಯಲ್ಲಮ್ಮನ ಗುಡ್ಡಕ್ಕೆ ವರ್ಷವಿಡೀ ಜನ ಬರುತ್ತಾರೆ. ಕಿತ್ತೂರಿನ ಕೋಟೆ ನೋಡಲು, ಅಕ್ಟೋಬರಿನ ಉತ್ಸವಕ್ಕೆ ಜನ ಬರುತ್ತಾರೆ. ಅವರೆಲ್ಲ ನಮ್ಮ ಹಳ್ಳಿಗಳ ಮಗ್ಗುಲಲ್ಲೇ ಹಾದು ಹೋಗುತ್ತಾರೆ. ನಮ್ಮಲ್ಲಿ ಕಂಬಳಿ ನೇಯುವ ಕೈ ಇದೆ, ಗಡಿಗೆ ಮಾಡುವ ಕೈ ಇದೆ, ಕೌದಿ ಹೊಲಿಯುವ ಅಜ್ಜಿಯರಿದ್ದಾರೆ. ಅವರಲ್ಲಿ ಒಬ್ಬರಾದರೂ, ಬಂದವರನ್ನು ಪಕ್ಕದಲ್ಲಿ ಕೂಡ್ರಿಸಿಕೊಂಡು ಒಂದು ತಾಸು ಕಲಿಸಿ ನಾಲ್ಕು ಕಾಸು ಪಡೆಯಬಾರದೇಕೆ? ಆದರೆ ಈ ವಿದ್ಯೆ ಬಲ್ಲ ಕೈಗಳಿಗೆ ವಯಸ್ಸಾಗುತ್ತಿದೆ. ಬಿತ್ತುವ ಹದ ತಪ್ಪಿದರೆ ಮರುವರ್ಷಕ್ಕೆ ಕಾಯಬಹುದು. ಈ ಹದ ತಪ್ಪಿದರೆ ಕಾಯುವುದಕ್ಕೆ ಏನೂ ಉಳಿಯುವುದಿಲ್ಲ.

ಆದ್ದರಿಂದ ಮೊದಲು ನಾವು ಹೋಗಿ ಕಲಿತು ಬರೋಣ. ಹೋದಲ್ಲಿ ಬೆಲೆ ಕೇಳುವ ಮೊದಲು ಕೆಲಸ ಕೇಳೋಣ.

ಸಂಜೆಯ ಕೂಟದಲ್ಲಿ ಚರ್ಚೆಗೆ

1. ನಮ್ಮೂರಿನಲ್ಲಿ ಕೈಕಸುಬು ಬಲ್ಲವರು ಯಾರು ಯಾರು? ಅವರಿಂದ ಕಲಿಯುತ್ತಿರುವವರು ಯಾರು?

2. ನಮ್ಮ ಹತ್ತಿಗೂ ನೇಕಾರನ ಸೀರೆಗೂ ಬೆಲೆ ಕಟ್ಟುವವರು ಯಾರು? ಇದರಲ್ಲಿ ಇಬ್ಬರಿಗೂ ಸಮಾನವಾದ ಕಷ್ಟ ಯಾವುದು?

3. ಮುಂದಿನ ಬಿಡುವಿನಲ್ಲಿ ನಮ್ಮ ತಂಡ ಯಾವ ಊರಿಗೆ ಹೋಗಬೇಕು? ಯಾರು ಮೊದಲು ಹೋಗಿ ಮಾತಾಡಿ ಬರಬೇಕು?

— ನಿಮ್ಮ ಗ್ರಾಮಸೇವಕ