ಪರದೇಶದಲ್ಲಿ ನೆಲೆ: ದಲೀಪ್ ಸಿಂಗ್ ಸೌಂದ್ ಅವರ ಜೀವನದಿಂದ ಒಂದು ಪಾಠ

ಉದರನಿಮಿತ್ತವಾಗಿಯೋ ವಿದ್ಯಾರ್ಜನೆಗಾಗಿಯೋ ಹುಟ್ಟೂರನ್ನು ತೊರೆದವನಿಗೆ ಎರಡು ಬಗೆಯ ನೆಲೆಗಳು ಬೇಕು. ಒಂದು, ಕಾನೂನು ಕೊಡುವ ನೆಲೆ. ಇನ್ನೊಂದು, ನೆರೆಹೊರೆಯವರು ಕೊಡುವ ನೆಲೆ. ಮೊದಲನೆಯದು ದೊರೆತ ಮಾತ್ರಕ್ಕೆ ಎರಡನೆಯದು ತಾನಾಗಿ ಬಾರದು. ಮೊದಲನೆಯದು ದೊರೆಯುವ ತನಕ ಎರಡನೆಯದನ್ನು ಗಳಿಸದೆ ಕೈಕಟ್ಟಿ ಕುಳಿತಿರಬೇಕಾಗಿಯೂ ಇಲ್ಲ. ಅಮೆರಿಕಕ್ಕೆ ವಲಸೆ ಹೋದ ದಲೀಪ್ ಸಿಂಗ್ ಸೌಂದ್ ಅವರ ಜೀವನವೇ ಇದಕ್ಕೆ ನಿದರ್ಶನ.

ಪಂಜಾಬಿನ ಹಳ್ಳಿಯೊಂದರಲ್ಲಿ 1899ರಲ್ಲಿ ಜನಿಸಿದ ಸೌಂದ್, 1920ರಲ್ಲಿ ಅಮೆರಿಕಕ್ಕೆ ತೆರಳಿ, ಕ್ಯಾಲಿಫೋರ್ನಿಯ ವಿಶ್ವವಿದ್ಯಾನಿಲಯದಿಂದ 1924ರಲ್ಲಿ ಗಣಿತಶಾಸ್ತ್ರದಲ್ಲಿ ಡಾಕ್ಟರೇಟ್ ಪಡೆದರು. ವಿದ್ಯಾರ್ಥಿದೆಸೆಯಲ್ಲಿ ಅವರಿಗೆ ಆಶ್ರಯವಿತ್ತದ್ದು ಸ್ಟಾಕ್‌ಟನ್ ನಗರದ ಸಿಖ್ ಗುರುದ್ವಾರದವರು ಬರ್ಕ್‌ಲಿಯಲ್ಲಿ ನಡೆಸುತ್ತಿದ್ದ ವಸತಿಗೃಹ. ಅದೇ ಅವಧಿಯಲ್ಲಿ, 1923ರಲ್ಲಿ, ಭಗತ್ ಸಿಂಗ್ ಥಿಂಡ್ ಎಂಬವರ ಮೊಕದ್ದಮೆಯಲ್ಲಿ ಅಮೆರಿಕದ ಸರ್ವೋಚ್ಚ ನ್ಯಾಯಾಲಯವು, ಭಾರತೀಯರು ಕಾನೂನಿನ ಅರ್ಥದಲ್ಲಿ ಶ್ವೇತವರ್ಣೀಯರಲ್ಲವಾದ್ದರಿಂದ ಪೌರತ್ವಕ್ಕೆ ಅರ್ಹರಲ್ಲವೆಂದು ತೀರ್ಪಿತ್ತಿತು. ಪೌರತ್ವಕ್ಕೆ ಅನರ್ಹರಾದವರು ಜಮೀನಿನ ಒಡೆಯರಾಗಬಾರದೆಂಬ ಕಾಯಿದೆ ಕ್ಯಾಲಿಫೋರ್ನಿಯದಲ್ಲಿ 1913ರಿಂದಲೇ ಇದ್ದಿತು. ಭಾರತೀಯ ಕೃಷಿಕರೂ ಈಗ ಅದರ ಹಿಡಿತಕ್ಕೆ ಸಿಕ್ಕಿದರು.

ಗಣಿತದ ಪದವೀಧರ ಸೌಂದ್ ಇಂಪೀರಿಯಲ್ ಕಣಿವೆಯಲ್ಲಿ ಬೇಸಾಯಕ್ಕಿಳಿದರು. ಮತದ ಹಕ್ಕಿಲ್ಲ, ಭೂಮಿಯ ಹಕ್ಕಿಲ್ಲ. ಆದರೂ ಅವರು ಊರಿನ ಸಭೆಗಳಲ್ಲಿ ಭಾರತದ ಬಗ್ಗೆ ಉಪನ್ಯಾಸಗಳನ್ನಿತ್ತರು. ಭಾರತೀಯರನ್ನು ಸಂಘಟಿಸಿ ಪೌರತ್ವಕ್ಕಾಗಿ ಶ್ರಮಿಸಿದರು. 1946ರ ಶಾಸನವು ಭಾರತೀಯರಿಗೆ ಪೌರತ್ವದ ಬಾಗಿಲನ್ನು ತೆರೆಯಿತು. ವಲಸೆಗೆ ಮಾತ್ರ ವರ್ಷಕ್ಕೆ ಸುಮಾರು 100 ಜನರ ಮಿತಿಯನ್ನಿಟ್ಟಿತು. ಸೌಂದ್ 1949ರಲ್ಲಿ ಪೌರರಾದರು.

ಮುಂದಿನ ವರ್ಷವೇ ವೆಸ್ಟ್‌ಮೋರ್‌ಲೆಂಡಿನ ಜನರು ಅವರನ್ನು ಸ್ಥಳೀಯ ನ್ಯಾಯಾಧೀಶರನ್ನಾಗಿ ಚುನಾಯಿಸಿದರು. ಪೌರತ್ವ ದೊರೆತು ಒಂದು ವರ್ಷ ತುಂಬಿಲ್ಲವೆಂಬ ಕಾರಣದಿಂದ ಆ ಆಯ್ಕೆ ಅಸಿಂಧುವಾಯಿತು. ಕಾನೂನಿನ ಪುಸ್ತಕದಲ್ಲಿ ಅವರು ಹೊಸಬರು. ಊರಿನವರ ಲೆಕ್ಕದಲ್ಲಿ ಸುಮಾರು ಇಪ್ಪತ್ತು ವರ್ಷಗಳ ನೆರೆಯವರು. 1952ರಲ್ಲಿ ಮತ್ತೆ ಸ್ಪರ್ಧಿಸಿ ಗೆದ್ದರು. 1956ರಲ್ಲಿ ಅಮೆರಿಕದ ಸಂಸತ್ತಿನ ಕೆಳಮನೆಗೆ ಚುನಾಯಿತರಾಗಿ, ಆ ಸ್ಥಾನಕ್ಕೇರಿದ ಮೊದಲ ಭಾರತ ಸಂಜಾತರೆನಿಸಿದರು. ಮರುವರ್ಷ ಭಾರತಕ್ಕೂ ಭೇಟಿಯಿತ್ತರು. ಹೊಸ ನೆಲೆಗಾಗಿ ಹಳೆಯ ನಂಟನ್ನು ಕಡಿದುಕೊಳ್ಳಲಿಲ್ಲ. 1962ರಲ್ಲಿ ಪಾರ್ಶ್ವವಾಯು ಬಡಿದು ಸಾರ್ವಜನಿಕ ಜೀವನ ಮುಗಿಯಿತು, 1973ರಲ್ಲಿ ನಿಧನರಾದರು.

ಸ್ವದೇಶದೊಳಗೇ ಊರು ಬದಲಿಸಿದ ಕನ್ನಡಿಗನಿಗೆ ಇಂತಹ ಅಡೆತಡೆಗಳಿಲ್ಲ. ವಾಸಿಸುವ ಊರಿನ ಮತದಾರರ ಪಟ್ಟಿಯಲ್ಲಿ ಹೆಸರು ಸೇರಿಸುವ ಹಕ್ಕು ಅವನಿಗುಂಟು. ಹೀಗಿದ್ದೂ, ನಿವೃತ್ತಿಯ ನಂತರ ಊರಿಗೆ ಹಿಂದಿರುಗುವೆನೆಂಬ ಎಣಿಕೆಯಲ್ಲೇ ಮೂವತ್ತು ವರ್ಷಗಳನ್ನು ಕಳೆದು, ತಾನಿರುವ ಬೀದಿಯ ಆಗುಹೋಗುಗಳಿಗೆ ಅಪರಿಚಿತನಾಗಿಯೇ ಉಳಿದರೆ, ಆ ನಷ್ಟಕ್ಕೆ ಯಾವ ಕಾಯಿದೆಯನ್ನೂ ದೂರುವಂತಿಲ್ಲ.