ಅನುಮಾನಕ್ಕೆ ರಿಯಾಯಿತಿ ಕೊಡದ ಕಾನೂನು

ಕುವೈತಿನ ದಂಡ ಸಂಹಿತೆಯಲ್ಲಿ 2025ರವರೆಗೂ 153ನೇ ವಿಧಿ ಇತ್ತು. ಹೆಂಡತಿಯನ್ನು ಪರಪುರುಷನೊಡನೆ ಕಂಡು ಆ ಕ್ಷಣದಲ್ಲೇ ಕೊಂದ ಗಂಡನಿಗೆ ಹೆಚ್ಚೆಂದರೆ ಮೂರು ವರ್ಷ ಜೈಲು ಅಥವಾ 225 ದಿನಾರ್ ದಂಡ! ಅಲ್ಲಿನ ಹೆಣ್ಣುಮಕ್ಕಳು ವರ್ಷಗಟ್ಟಲೆ ಹೋರಾಡಿದ ಮೇಲೆ ಅದು ರದ್ದಾಯಿತು. ಅದಕ್ಕೂ ಮೊದಲೇ, 2020ರ 16ನೇ ಕಾನೂನು ದೈಹಿಕ ಹಿಂಸೆಯ ಜೊತೆಗೆ ಮಾನಸಿಕ ಕಿರುಕುಳವನ್ನೂ ಕೌಟುಂಬಿಕ ಹಿಂಸೆ ಎಂದು ಹೆಸರಿಸಿತ್ತು.

ಅಬ್ಬಾಸಿಯಾ, ಮಂಗಫ್‌ನ ಫ್ಲಾಟುಗಳಲ್ಲಿ ಸಂಸಾರ ಹೂಡಿರುವ ಮಂಗಳೂರು, ಉಡುಪಿ ಕಡೆಯ ದಂಪತಿಗಳು ಇದನ್ನು ತಿಳಿದಿರಬೇಕು. ತವರು ದೂರ, ವೀಸಾ ಗಂಡನ ಹೆಸರಿನ ಮೇಲೆ. ಕಾಲೇಜು ದಿನಗಳ ಗೆಳೆತನವನ್ನು ಆತ ಕೆದಕಿ ಕೆದಕಿ ಕೇಳಿದರೆ ಹೆಂಡತಿ ಯಾರಲ್ಲಿ ಹೇಳಿಕೊಳ್ಳಬೇಕು?

ಭಾರತದ ಕಾನೂನಿನಲ್ಲಿ, ಮದುವೆಗೆ ಮೊದಲು ಯಾರನ್ನೋ ಪ್ರೀತಿಸಿದ್ದು ಅಪರಾಧವಲ್ಲ, ವಿಚ್ಛೇದನಕ್ಕೆ ಕಾರಣವೂ ಅಲ್ಲ. ಹಿಂದೂ ವಿವಾಹ ಕಾಯ್ದೆಯ 13ನೇ ಕಲಂ ನೋಡುವುದು ಮದುವೆಯ ನಂತರದ ಲೈಂಗಿಕ ಸಂಬಂಧವನ್ನು. ಮದುವೆಯ ಹೊತ್ತಿಗೇ ಹೆಂಡತಿ ಬೇರೊಬ್ಬನಿಂದ ಗರ್ಭಿಣಿಯಾಗಿದ್ದು, ಅದು ಗಂಡನಿಗೆ ತಿಳಿದಿರದಿದ್ದರೆ ಮಾತು ಬೇರೆ. ಆಗ ಮದುವೆಯಾದ ಒಂದು ವರ್ಷದೊಳಗೆ ಅದರ ರದ್ದು ಕೋರಬಹುದು. ಕ್ರೈಸ್ತರಿಗೆ, ಮುಸ್ಲಿಮರಿಗೆ ಅವರವರ ವೈಯಕ್ತಿಕ ಕಾನೂನು.

ಆಧಾರವಿಲ್ಲದ ಶಂಕೆಯೇ ಕ್ರೌರ್ಯವಾಗಬಹುದು. ಹೆಂಡತಿಯ ಶೀಲ ಶಂಕಿಸಿ ಗಂಡ ಕೋರ್ಟಿಗೆ ಬರೆದುಕೊಟ್ಟಿದ್ದ ಪ್ರಕರಣವೊಂದರಲ್ಲಿ, ಆಮೇಲೆ ಆ ಮಾತನ್ನು ಹಿಂತೆಗೆದುಕೊಂಡರೂ ಗಾಯ ಮಾಯದು ಎಂಬ ನಿಲುವನ್ನು ಸುಪ್ರೀಂ ಕೋರ್ಟ್ 2003ರಲ್ಲಿ ತಳೆಯಿತು. ಹೆಂಡತಿಯ ಅನುಮಾನಕ್ಕೂ ಇದೇ ಅಳತೆ. ಮನೆಗೆಲಸದವಳೊಡನೆ ಗಂಡನಿಗೆ ಸಂಬಂಧವಿದೆ ಎಂದು ಹೆಂಡತಿ ದೂರಿದ್ದ ಬೆಂಗಳೂರಿನ ಪ್ರಕರಣದಲ್ಲಿ, ಅಂಥ ಕೆಲಸದವಳು ಇದ್ದಳೆಂಬುದೇ ಸಾಬೀತಾಗಲಿಲ್ಲ. 2016ರಲ್ಲಿ ಸುಪ್ರೀಂ ಕೋರ್ಟ್ ಗಂಡನ ಪರ ನಿಂತಿತು.

ಫೋನಿನ ವಿಷಯದಲ್ಲಿ ವಿಶೇಷ ಎಚ್ಚರ ಬೇಕು. ದಂಪತಿಯ ನಡುವಿನ ಮಾತನ್ನು ಒಬ್ಬರು ಗುಟ್ಟಾಗಿ ಧ್ವನಿಮುದ್ರಿಸಿದ್ದರೂ ವಿಚ್ಛೇದನ ಪ್ರಕರಣದಲ್ಲಿ ಅದು ಸಾಕ್ಷ್ಯವಾಗಬಹುದೆಂದು 2025ರ ಜುಲೈನಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಇದನ್ನೇ ನೆಚ್ಚಿಕೊಂಡು ಕುವೈತಿನಲ್ಲಿ ಸಂಗಾತಿಯ ಖಾತೆಗೆ ಕಳ್ಳದಾರಿಯಲ್ಲಿ ನುಗ್ಗುವವರು ಅಲ್ಲಿನ 2015ರ 63ನೇ ಸೈಬರ್ ಅಪರಾಧ ಕಾನೂನಿನ ಕೈಗೆ ಸಿಗಬಹುದು.

ಜೀವಭಯವಿದ್ದರೆ ಕುವೈತಿನಲ್ಲಿ 112ಕ್ಕೆ ಕರೆ ಮಾಡಬೇಕು. ಗಂಡ ಪಾಸ್‌ಪೋರ್ಟ್ ಬಚ್ಚಿಟ್ಟರೆ ಭಾರತೀಯ ರಾಯಭಾರ ಕಚೇರಿಗೆ ತಿಳಿಸಬೇಕು; 1967ರ ಪಾಸ್‌ಪೋರ್ಟ್ ಕಾಯ್ದೆಯ 17ನೇ ಕಲಂ ಪ್ರಕಾರ ಅದು ಕೇಂದ್ರ ಸರ್ಕಾರದ ಸ್ವತ್ತು, ಗಂಡನದಲ್ಲ. ದಾಖಲೆಗಳ ಪ್ರತಿಯನ್ನು ಮೊದಲೇ ತವರಿಗೆ ಕಳಿಸಿಡುವುದು ಒಳ್ಳೆಯದು. ಬೈದು ಕಳಿಸಿದ ಸಂದೇಶಗಳನ್ನು ಸಿಟ್ಟಿನಲ್ಲಿ ಅಳಿಸಬಾರದು.

ಊರಿಗೆ ಮರಳಿದ ಮಹಿಳೆ, ತಾತ್ಕಾಲಿಕವಾಗಿ ಉಳಿದಿರುವ ಊರಿನಲ್ಲೇ 2005ರ ಕೌಟುಂಬಿಕ ದೌರ್ಜನ್ಯ ತಡೆ ಕಾಯ್ದೆಯಡಿ ಮ್ಯಾಜಿಸ್ಟ್ರೇಟರಿಗೆ ಅರ್ಜಿ ಕೊಡಬಹುದು. ತಾಲ್ಲೂಕಿನ ಶಿಶು ಅಭಿವೃದ್ಧಿ ಯೋಜನಾಧಿಕಾರಿ ಕಚೇರಿಯಲ್ಲಿ ನೆರವು ಕೇಳಬಹುದು. ಘಟನೆ ದಾಖಲಿಸುವ ನಮೂನೆಯಲ್ಲಿ ‘ನಡತೆಯ ಮೇಲೆ ಆರೋಪ’ ಎಂಬುದಕ್ಕೂ ಜಾಗವಿದೆ. ಅದನ್ನು ಖಾಲಿ ಬಿಡಬಾರದು. ಅರ್ಜಿ ಬಂದ ಮೂರು ದಿನದೊಳಗೆ ಸಾಮಾನ್ಯವಾಗಿ ಮೊದಲ ವಿಚಾರಣೆ ನಡೆಯಬೇಕೆನ್ನುತ್ತದೆ ಕಾಯ್ದೆ.