ಆಮಿಶ್ ಬೇಸಾಯಗಾರರು: ಅವರ ಭೂಮಿಯೂ ಕಟ್ಟುಪಾಡೂ

ಅಮೆರಿಕಾ ಸಂಯುಕ್ತ ಸಂಸ್ಥಾನಗಳಲ್ಲಿ ಬೇಸಾಯವೆಂದರೆ ಭಾರಿ ಯಂತ್ರಗಳ ಸಹಾಯದಿಂದ ಒಬ್ಬಿಬ್ಬರೇ ನೂರಾರು ಎಕರೆಗಳನ್ನು ಸಾಗುವಳಿ ಮಾಡುವುದೆಂಬ ತಿಳಿವಳಿಕೆ ಸಾಮಾನ್ಯವಾಗಿದೆ. ಅದು ಬಹುಮಟ್ಟಿಗೆ ನಿಜವೇ. ಆದರೆ ಅದೇ ದೇಶದ ಪೆನ್ಸಿಲ್ವೇನಿಯಾ, ಓಹಾಯೋ, ಇಂಡಿಯಾನಾ ಮೊದಲಾದ ಸಂಸ್ಥಾನಗಳಲ್ಲಿ ಕುದುರೆಗಳನ್ನೂ ಹೇಸರಗತ್ತೆಗಳನ್ನೂ ಕಟ್ಟಿ ಉಳುವ, ಮನೆಗೆ ವಿದ್ಯುತ್ತಿನ ತಂತಿಯನ್ನು ಎಳೆಯಿಸಿಕೊಳ್ಳದ, ಮೋಟಾರು ಗಾಡಿಯನ್ನು ಕೊಳ್ಳದ ಒಂದು ಜನವು ಇಂದಿಗೂ ಬಾಳುತ್ತಿದೆ. ಅವರಿಗೆ ಆಮಿಶ್ ಜನರೆಂದು ಹೆಸರು. ಇಂತಹವರು ಯಂತ್ರಯುಗದಲ್ಲಿ ಬಹುಕಾಲ ಉಳಿಯಲಾರರೆಂದು ಹಲವರು ಎಣಿಸಿದ್ದರು. ನಡೆದುದು ಬೇರೆ. ಇಪ್ಪತ್ತನೆಯ ಶತಮಾನದ ಆದಿಯಲ್ಲಿ ಕೆಲವೇ ಸಾವಿರದಷ್ಟಿದ್ದ ಇವರ ಸಂಖ್ಯೆಯು ಸುಮಾರು ಇಪ್ಪತ್ತು ವರ್ಷಗಳಿಗೊಮ್ಮೆ ಇಮ್ಮಡಿಯಾಗುತ್ತ ಬಂದು, 2024ರ ವೇಳೆಗೆ 4 ಲಕ್ಷದ ಸುಮಾರಿಗೆ ಮುಟ್ಟಿತು.

ಇವರ ಪೂರ್ವಿಕರು ಸ್ವಿಟ್ಜರ್ಲೆಂಡ್, ಆಲ್ಸೇಸ್ ಮತ್ತು ಜರ್ಮನಿಯ ಪೆಲಟಿನೇಟ್ ಸೀಮೆಗಳವರು. ಪ್ರಾಯಕ್ಕೆ ಬಂದು ತಾವಾಗಿ ಒಪ್ಪಿದವರಿಗೇ ದೀಕ್ಷಾಸ್ನಾನವಾಗಬೇಕು, ಯಾರೂ ಆಯುಧವನ್ನು ಹಿಡಿಯಕೂಡದು ಎಂಬ ಕ್ರೈಸ್ತಮತ ಶಾಖೆಗೆ ಸೇರಿದವರಾದ್ದರಿಂದ ಅರಸರ ಮತ್ತು ಮಠಾಧಿಕಾರಿಗಳ ಕೋಪಕ್ಕೆ ಗುರಿಯಾಗಿ, ಊರೂರು ಅಲೆಯಬೇಕಾಯಿತು. ಆ ಶಾಖೆಯಲ್ಲಿ 1693ರಲ್ಲಿ ಒಡಕುಂಟಾದಾಗ ಯಾಕೋಬ್ ಅಮ್ಮಾನ್ ಎಂಬಾತನ ಪಕ್ಷ ಹಿಡಿದವರೇ ಆಮಿಶರು. ಫಲವತ್ತಾದ ಬಯಲು ಇವರ ಕೈಗೆ ಸಿಕ್ಕುತ್ತಿರಲಿಲ್ಲ. ಪರರು ಕೈಬಿಟ್ಟ ಗುಡ್ಡದ ಬಡನೆಲವನ್ನು ಗುತ್ತಿಗೆಗೆ ಹಿಡಿದು, ದನಗಳನ್ನು ಕೊಟ್ಟಿಗೆಯಲ್ಲಿಯೇ ಕಟ್ಟಿ ಮೇಯಿಸಿ ಗೊಬ್ಬರವನ್ನು ಕೂಡಿಟ್ಟು, ಕ್ಲೋವರ್ ಎಂಬ ದ್ವಿದಳ ಜಾತಿಯ ಮೇವನ್ನು ಬಿತ್ತಿ, ನೆಲವನ್ನು ಮೇಲಕ್ಕೆ ತಂದರು. ಹದಿನೆಂಟನೆಯ ಶತಮಾನದಲ್ಲಿ ಹಡಗು ಹತ್ತಿ ಪೆನ್ಸಿಲ್ವೇನಿಯಾಕ್ಕೆ ಬಂದಾಗ ಇವರು ಜೊತೆಗೆ ತಂದ ಆಸ್ತಿಯಲ್ಲಿ ಈ ವಿದ್ಯೆಯೇ ಮುಖ್ಯವಾದುದು. ದೇವರು ಮನುಷ್ಯನನ್ನು ತೋಟದಲ್ಲಿರಿಸಿದುದು ಅದನ್ನು ಸಾಗುವಳಿ ಮಾಡಿ ಕಾಯುವುದಕ್ಕಾಗಿ ಎಂದು ಅವರು ನಂಬುತ್ತಾರೆ. ಭೂಮಿಯು ದೇವರದು, ಉಳುವವನು ಅದರ ಪಾರುಪತ್ಯಗಾರನು ಮಾತ್ರ.

ಆಮಿಶರು ಯಂತ್ರದ್ವೇಷಿಗಳೆಂಬ ಮಾತು ಪೂರ್ತಿ ಸರಿಯಲ್ಲ. ಇಪ್ಪತ್ತೈದು ಮೂವತ್ತು ಕುಟುಂಬಗಳು ಸೇರಿ ಒಂದು ಸಭೆಯಾಗುತ್ತದೆ. ಪ್ರತಿ ಸಭೆಗೂ ಒಂದು ಕಟ್ಟುಪಾಡು ಉಂಟು. ಅದನ್ನು ಅವರು ಆರ್ಡ್ನುಂಗ್ ಎನ್ನುತ್ತಾರೆ. ಇದು ಹೆಚ್ಚಾಗಿ ಬಾಯಿಮಾತಿನಲ್ಲಿಯೇ ನಡೆದು ಬಂದುದು. ವರ್ಷಕ್ಕೆ ಎರಡು ಸಲ, ವಸಂತದಲ್ಲಿಯೂ ಶರತ್ಕಾಲದಲ್ಲಿಯೂ, ಸದಸ್ಯರು ಕಲೆತು ಅದನ್ನು ಪರ್ಯಾಲೋಚಿಸಿ ಒಪ್ಪಿಗೆಯನ್ನು ಹೇಳುತ್ತಾರೆ. ಹೊಸ ಉಪಕರಣವೊಂದು ಬಂದರೆ ಅದು ಎಷ್ಟು ಕೆಲಸವನ್ನು ಉಳಿಸುತ್ತದೆಂಬುದಷ್ಟೇ ಅಲ್ಲಿ ಪ್ರಶ್ನೆಯಲ್ಲ. ಅದರಿಂದ ಮನೆಯವರು ಚದರಿಹೋಗುವರೇ, ನೆರೆಯವನ ಸಹಾಯ ಬೇಡವಾಗುವುದೇ, ಒಬ್ಬನ ಜಮೀನು ಬೆಳೆದು ಇನ್ನೊಬ್ಬನು ಬೇಸಾಯ ಬಿಡುವ ಸ್ಥಿತಿ ಬರುವುದೇ ಎಂದು ವಿಚಾರಿಸುತ್ತಾರೆ.

ಟ್ರ್ಯಾಕ್ಟರಿನ ಸಂಗತಿಯೇ ಇದಕ್ಕೆ ನಿದರ್ಶನ. ಪೆನ್ಸಿಲ್ವೇನಿಯಾದ ಲ್ಯಾಂಕಾಸ್ಟರ್ ಜಿಲ್ಲೆಯಲ್ಲಿ ಕೆಲವರು ಅದನ್ನು ಹೊಲಕ್ಕೆ ತಂದು ನೋಡಿದ ಮೇಲೆ, 1920ರ ದಶಕದಲ್ಲಿ ಹೊಲದ ಕೆಲಸಕ್ಕೆ ಅದು ಕೂಡದೆಂದು ತೀರ್ಮಾನವಾಯಿತು. ಆದರೆ ಕೊಟ್ಟಿಗೆಯ ಬಳಿ ನಿಲ್ಲಿಸಿ ಪಟ್ಟಿ ಹಾಕಿ ಮೇವು ಕತ್ತರಿಸುವ ಯಂತ್ರವನ್ನು ತಿರುಗಿಸುವುದಕ್ಕೆ ಅಡ್ಡಿಯಿಲ್ಲ. ರಬ್ಬರಿನ ಚಕ್ರವಿದ್ದರೆ ಪೇಟೆಗೂ ಓಡಿಸುವರೆಂದು ಕಬ್ಬಿಣದ ಚಕ್ರವಿರಬೇಕೆಂಬುದು ನಿಯಮ. ಹುಲ್ಲನ್ನು ಪಿಂಡಿ ಕಟ್ಟುವ ಯಂತ್ರಕ್ಕೆ ಎಂಜಿನನ್ನು ಕೂಡಿಸಿ, ಒಟ್ಟು ಸಾಮಗ್ರಿಯನ್ನು ಕುದುರೆಗಳಿಂದ ಎಳೆಯಿಸುತ್ತಾರೆ. ಹೊರಗಿನವರಿಗೆ ಇದು ನಗೆಪಾಟಲಾಗಿ ತೋರಬಹುದು. ಆದರೆ ಹೊಲದಲ್ಲಿ ಎಳೆಯತಕ್ಕದ್ದು ಕುದುರೆಯೇ ಆಗಿರುವವರೆಗೆ, ಒಂದು ಕುಟುಂಬವು ಎಷ್ಟು ನೆಲವನ್ನು ಹಿಡಿಯಬಹುದೆಂಬುದಕ್ಕೆ ಕುದುರೆಯ ನಡೆಯೇ ಮಿತಿಯಾಗುತ್ತದೆ. ಐವತ್ತರಿಂದ ಎಂಬತ್ತು ಎಕರೆ ಒಂದು ಮನೆಗೆ ಸಾಕು. ಅದಕ್ಕೆ ಮೀರಿದರೆ ಕಾಲಕ್ಕೆ ಸರಿಯಾಗಿ ಉತ್ತು ಬಿತ್ತುವುದು ಕಷ್ಟ. ಕುದುರೆಯು ಹೊಲದಲ್ಲಿ ಬೆಳೆದುದನ್ನೇ ತಿನ್ನುತ್ತದೆ, ಗೊಬ್ಬರವನ್ನು ಕೊಡುತ್ತದೆ, ಮರಿಯನ್ನು ಹಾಕುತ್ತದೆ. ಎತ್ತಿನ ಬೇಸಾಯವನ್ನು ಬಲ್ಲ ವಾಚಕರಿಗೆ ಇದನ್ನು ವಿಸ್ತರಿಸಿ ಹೇಳಬೇಕಾದುದಿಲ್ಲ.

ಓಹಾಯೋ ಸಂಸ್ಥಾನದ ಹೋಮ್ಸ್ ಜಿಲ್ಲೆಯಲ್ಲಿ ಹಿಂದಿನಿಂದ ನಡೆದು ಬಂದ ಬೆಳೆಯ ಸರದಿಯು ನಾಲ್ಕು ವರ್ಷದ್ದು. ಹುಲ್ಲುಗಾವಲನ್ನು ಉತ್ತು ಮೊದಲನೆಯ ವರ್ಷ ಮುಸುಕಿನ ಜೋಳವನ್ನು ಬಿತ್ತುತ್ತಾರೆ. ಎರಡನೆಯ ವರ್ಷ ಓಟ್ಸ್. ಅದು ಕೊಯ್ಲಾದ ಮೇಲೆ ಶರತ್ಕಾಲದಲ್ಲಿ ಗೋಧಿ. ಚಳಿಗಾಲದ ಕೊನೆಗೆ ರಾತ್ರಿ ನೆಲ ಹೆಪ್ಪುಗಟ್ಟಿ ಹಗಲು ಕರಗುತ್ತಿರುವಾಗ, ಎಳೆಯ ಗೋಧಿಯ ಪೈರಿನ ಮೇಲೆಯೇ ಕ್ಲೋವರ್ ಬೀಜವನ್ನು ಎರಚುತ್ತಾರೆ. ಮಣ್ಣಿನ ಬಿರುಕುಗಳೇ ಅದನ್ನು ಒಳಕ್ಕೆಳೆದುಕೊಳ್ಳುತ್ತವೆ. ಗೋಧಿಯನ್ನು ಕೊಯ್ಯುವ ವೇಳೆಗೆ ಅಡಿಯಲ್ಲಿ ಮೇವು ಹಸುರಾಗಿರುತ್ತದೆ. ನಾಲ್ಕನೆಯ ವರ್ಷ ಅದನ್ನು ಕೊಯ್ದು ಒಣಗಿಸಿ, ಪುನಃ ಉತ್ತು ಮುಸುಕಿನ ಜೋಳಕ್ಕೆ ಬರುತ್ತಾರೆ. ಕ್ಲೋವರಿನ ಬೇರುಗಂಟುಗಳಲ್ಲಿರುವ ಸೂಕ್ಷ್ಮಜೀವಿಗಳು ವಾಯುವಿನ ಸಾರಜನಕವನ್ನು ಹಿಡಿದು ಮಣ್ಣಿಗೆ ಸೇರಿಸುವುದರಿಂದ, ಬಹಳ ಸಾರವನ್ನು ಹೀರುವ ಜೋಳಕ್ಕೆ ಮೊದಲೇ ಊಟ ಸಿದ್ಧವಾಗಿರುತ್ತದೆ. ಜೋಳದ ಬೇರನ್ನು ತಿನ್ನುವ ಹುಳುವು ಜೋಳದ ಹೊಲದಲ್ಲಿಯೇ ಮೊಟ್ಟೆಯಿಡುವ ಸ್ವಭಾವದ್ದಾದ ಕಾರಣ, ಮರುವರ್ಷ ಅಲ್ಲಿ ಬೇರೆ ಬೆಳೆಯಿದ್ದರೆ ಮರಿಗಳಲ್ಲಿ ಬಹುಪಾಲು ಆಹಾರವಿಲ್ಲದೆ ಸಾಯುತ್ತವೆ. ಅಲ್ಲಿನ ಹಿಮ, ಅಲ್ಲಿನ ಮಳೆ ಬೇರೆ. ಈ ಸರದಿಯನ್ನು ಉಷ್ಣದೇಶದಲ್ಲಿ ಹಾಗೆಯೇ ಅನುಸರಿಸಲಾಗದು. ತತ್ತ್ವವನ್ನು ತಿಳಿದರೆ ಸಾಕು.

ಇದೇ ಜಿಲ್ಲೆಯ ಡೇವಿಡ್ ಕ್ಲೈನ್ ಎಂಬ ಆಮಿಶ್ ಬೇಸಾಯಗಾರರು 1990ರಲ್ಲಿ ‘ಗ್ರೇಟ್ ಪೊಸೆಷನ್ಸ್’ ಎಂಬ ಪುಸ್ತಕವನ್ನು ಪ್ರಕಟಿಸಿದರು. ತಮ್ಮ ಜಮೀನಿನಲ್ಲಿಯೂ ಸುತ್ತಮುತ್ತಲೂ ಕಾಣುವ ಪಕ್ಷಿ, ಗಿಡ, ಮರ, ಜಂತುಗಳೇ ಅದರ ವಿಷಯ. ಹೋಮ್ಸ್ ಜಿಲ್ಲೆಯ ಆಮಿಶರಲ್ಲಿ ಹಕ್ಕಿಗಳನ್ನು ಹೆಸರು ಹಿಡಿದು ಗುರುತಿಸುವ ಹವ್ಯಾಸವು ಬಹಳ ಹರಡಿದೆ. ಕವಲುತೋಕೆಯ ಜಾತಿಗೆ ಸೇರಿದ ಮಾರ್ಟಿನ್ ಹಕ್ಕಿಗಳಿಗೆ ಅಂಗಳದಲ್ಲಿ ಕಂಬ ನೆಟ್ಟು ಗೂಡುಗಳನ್ನು ಕಟ್ಟಿಕೊಡುತ್ತಾರೆ. ಕುದುರೆಯ ಹಿಂದೆ ನಡೆಯುವವನಿಗೆ ಉಳುಮೆಸಾಲಿನ ಮಣ್ಣೂ ಬೇಲಿಯ ಹಕ್ಕಿಯೂ ಕಣ್ಣಿಗೆ ಬೀಳುತ್ತವೆ. ಆ ವೇಗದಲ್ಲಿ ನೋಡುವುದಕ್ಕೆ ಬಿಡುವುಂಟು.

ಇವರ ಸ್ಥಿತಿಯನ್ನು ಸರ್ಕಾರದವರೂ ಪರೀಕ್ಷಿಸಿದ್ದಾರೆ. 1930ರ ದಶಕದಲ್ಲಿ ಅಮೆರಿಕೆಯ ಬಯಲುಸೀಮೆಯಲ್ಲಿ ಮಳೆ ಹೋಗಿ, ಯಂತ್ರಗಳಿಂದ ಉತ್ತು ಬರಿದಾಗಿದ್ದ ಗೋಧಿಯ ಹೊಲಗಳ ಮಣ್ಣು ಧೂಳಾಗಿ ಹಾರಿಹೋಯಿತು. ಆಮೇಲೆ ಅಲ್ಲಿನ ವ್ಯವಸಾಯ ಇಲಾಖೆಯು ಆರು ಗ್ರಾಮಸಮುದಾಯಗಳನ್ನು ಆರಿಸಿ ಶೋಧನೆ ನಡೆಸಿತು. ಲ್ಯಾಂಕಾಸ್ಟರಿನ ಆಮಿಶರನ್ನು ಕುರಿತು ವಾಲ್ಟರ್ ಕೋಲ್ಮಾರ್ಗನ್ ಬರೆದ ವರದಿಯು 1942ರಲ್ಲಿ ಹೊರಬಿದ್ದಿತು. ಆರರಲ್ಲಿ ಅತ್ಯಂತ ಸ್ಥಿರವಾದುದು ಆಮಿಶರದೆಂದೂ, ಅತ್ಯಂತ ಅಸ್ಥಿರವಾದುದು ಧೂಳಿನ ಸೀಮೆಗೆ ಸೇರಿದ ಕಾನ್ಸಾಸ್ ಸಂಸ್ಥಾನದ ಸಬ್ಲೆಟ್ ಎಂಬುದೆಂದೂ ಎಣಿಸಲಾಯಿತು.

ಹೀಗೆಂದು ಇವರ ಬೇಸಾಯದಲ್ಲಿ ಕುಂದಿಲ್ಲವೆಂದು ತಿಳಿಯಬಾರದು. ಆಮಿಶರಲ್ಲಿ ಅನೇಕರು ರಾಸಾಯನಿಕ ಗೊಬ್ಬರವನ್ನೂ ಕಳೆನಾಶಕಗಳನ್ನೂ ಉಪಯೋಗಿಸುತ್ತಾರೆ. ಅದಕ್ಕಿಂತ ದೊಡ್ಡದಾದ ತೊಂದರೆ ಭೂಮಿಯದು. ಮನೆಗೆ ಆರೇಳು ಮಕ್ಕಳು; ನೆಲವೋ ಬೆಳೆಯದು. ಸಾಧಾರಣವಾಗಿ ಜಮೀನು ಒಬ್ಬ ಮಗನಿಗೆ, ಎಷ್ಟೋ ವೇಳೆ ಕಿರಿಯವನಿಗೆ, ಪೇಟೆಯ ಧಾರಣೆಗಿಂತ ಕಡಮೆ ಬೆಲೆಗೆ ಹೋಗುತ್ತದೆ. ತಂದೆತಾಯಿಗಳು ಪಕ್ಕಕ್ಕೆ ಕಟ್ಟಿಕೊಂಡ ಅಜ್ಜನ ಮನೆಗೆ ಸರಿಯುತ್ತಾರೆ. ಮಿಕ್ಕ ಮಕ್ಕಳಿಗೆ ಬೇರೆ ನೆಲ ಬೇಕು. ಲ್ಯಾಂಕಾಸ್ಟರಿನಲ್ಲಿ ಎಕರೆಯ ಬೆಲೆ 10,000 ಡಾಲರುಗಳನ್ನು ಎಂದೋ ಮೀರಿದೆ. ಆದಕಾರಣ ಕೆಲವರು ಕೆಂಟಕಿ, ವಿಸ್ಕಾನ್ಸಿನ್, ನ್ಯೂಯಾರ್ಕ್ ಸಂಸ್ಥಾನಗಳಲ್ಲಿ ಅಗ್ಗದ ಭೂಮಿಯನ್ನು ಹುಡುಕಿ ಹೊಸ ಊರುಗಳನ್ನು ಕಟ್ಟುತ್ತಾರೆ. ಕೆಲವರು ಐದಾರು ಎಕರೆಯಲ್ಲಿ ತರಕಾರಿ ಬೆಳೆದು ಹರಾಜುಕಟ್ಟೆಗಳಲ್ಲಿ ಮಾರುತ್ತಾರೆ. ಬಹುಮಂದಿ ಬಡಗಿಕೆಲಸಕ್ಕೂ ಕಾರ್ಖಾನೆಗೂ ಹೋಗುತ್ತಾರೆ. ದೊಡ್ಡ ನೆಲೆಗಳಲ್ಲಿ ಬೇಸಾಯವನ್ನೇ ನಂಬಿದ ಕುಟುಂಬಗಳು ಈಗ ಅರ್ಧಕ್ಕಿಂತ ಕಡಮೆ. ಮಕ್ಕಳನ್ನು ಎಂಟನೆಯ ತರಗತಿಯ ಮೇಲೆ ಶಾಲೆಗೆ ಕಳುಹಿಸದೆ ಮನೆಯ ಕಸಬಿನಲ್ಲಿ ಪಳಗಿಸುವ ಹಕ್ಕನ್ನು ಅಮೆರಿಕೆಯ ಸರ್ವೋಚ್ಚ ನ್ಯಾಯಾಲಯವು 1972ರಲ್ಲಿ ಇವರಿಗೆ ಮಾನ್ಯಮಾಡಿತು. ಆದರೆ ಪಳಗಿದ ಮಗನಿಗೆ ಉಳುವ ಹೊಲವನ್ನು ಯಾವ ನ್ಯಾಯಾಲಯವೂ ಒದಗಿಸಲಾರದು.

ನೆಲ ಕಿರಿದಾದಂತೆ ಲ್ಯಾಂಕಾಸ್ಟರಿನವರು ಹಸುಗಳ ಸಂಖ್ಯೆಯನ್ನು ಹೆಚ್ಚಿಸಿದರು. ಹೊರಗಿನಿಂದ ಕೊಂಡ ಮೇವನ್ನು ಹಾಕಿ ಹೆಚ್ಚು ದನಗಳನ್ನು ಸಾಕಿದರೆ, ಬರುವ ಗೊಬ್ಬರವು ಹೊಲ ಜೀರ್ಣಿಸಿಕೊಳ್ಳಬಲ್ಲುದಕ್ಕಿಂತ ಅಧಿಕವಾಗುತ್ತದೆ. ಪೂರ್ವಿಕರಿಗೆ ಸಂಪತ್ತಾಗಿದ್ದ ವಸ್ತುವೇ ಇಲ್ಲಿ ಕಂಟಕವಾಯಿತು. ಸಾರಜನಕವೂ ರಂಜಕವೂ ತೊರೆಗಳಿಗಿಳಿದು, ಸಸ್ಕ್ವೆಹಾನಾ ನದಿಯ ಮೂಲಕ ಚೆಸಪೀಕ್ ಕೊಲ್ಲಿಯನ್ನು ಸೇರಿ, ಪಾಚಿಯನ್ನು ಬೆಳೆಯಿಸಿ, ಮೀನು ಸಿಂಪಿಗಳಿಗೆ ಬೇಕಾದ ಪ್ರಾಣವಾಯುವನ್ನು ತೆಗೆಯುತ್ತವೆ. 2009ರಲ್ಲಿ ಅಧಿಕಾರಿಗಳು ಇಲ್ಲಿನ ಕೆಲವು ಜಮೀನುಗಳನ್ನು ತಪಾಸಣೆ ಮಾಡಿದಾಗ ಮನೆಯ ಬಾವಿಗಳಲ್ಲಿಯೇ ಮಿತಿಮೀರಿದ ನೈಟ್ರೇಟೂ, ಕೆಲವೆಡೆ ರೋಗಾಣುಗಳೂ ಕಂಡುಬಂದುವು. 2010ರಲ್ಲಿ ಕೊಲ್ಲಿಗೆ ಸೇರುವ ಮಲಿನಕ್ಕೆ ಸರ್ಕಾರವು ಮಿತಿಯನ್ನು ಗೊತ್ತುಮಾಡಿತು.

ಸರ್ಕಾರದ ಹಣವನ್ನು ಮುಟ್ಟಲು ಆಮಿಶರಲ್ಲಿ ಅನೇಕರಿಗೆ ಮನಸ್ಸಿಲ್ಲ. ಅಪ್ಪಣೆ ಮಾಡಿದರೆ ಮೌನವಾಗಿ ಹಿಂಜರಿಯುತ್ತಾರೆ. ನೆರೆಯವನು ಮಾಡಿ ತೋರಿಸಿದುದನ್ನು ನೋಡಿದರೆ ಒಪ್ಪುವುದು ಸುಲಭ. ಹೀಗೆ ಒಪ್ಪಿದವರು ತೊರೆಯ ಎರಡು ದಡಗಳಲ್ಲಿಯೂ ಬೇಲಿ ಹಾಕಿಸಿ ದನಗಳನ್ನು ನೀರಿನಿಂದ ದೂರವಿಟ್ಟು, ಬೇಲಿಯ ಒಳಗೆ ಮರಗಳನ್ನು ನೆಟ್ಟಿದ್ದಾರೆ. ಗೊಬ್ಬರವನ್ನು ದಿನದಿನವೂ ಹೊಲಕ್ಕೆ ಹೊತ್ತು ಚಳಿಗಾಲದ ಹಿಮದ ಮೇಲೆಯೂ ಹರಡುವ ಹಳೆಯ ವಾಡಿಕೆಯಿಂದ, ಹಿಮ ಕರಗಿದೊಡನೆ ಸಾರವೆಲ್ಲ ಹರಿದುಹೋಗುತ್ತಿತ್ತು. ಸೋರದ ತೊಟ್ಟಿಯನ್ನು ಕಟ್ಟಿಸಿಕೊಂಡವನು ಅದನ್ನು ವಸಂತದವರೆಗೆ ಶೇಖರಿಸಿಟ್ಟು, ನೆಲ ಹದಕ್ಕೆ ಬಂದ ಮೇಲೆ ಬಿತ್ತನೆಗೆ ಮುಂಚೆ ಹಾಕುತ್ತಾನೆ. ಆಗ ಆ ಗೊಬ್ಬರವು ಕೊಲ್ಲಿಯ ಪಾಚಿಗೆ ಹೋಗದೆ ಅವನ ಜೋಳಕ್ಕೇ ದಕ್ಕುತ್ತದೆ.